ಬಿಷಪ್ಪರಿಲ್ಲದ ಚರ್ಚನ್ನು ಆಳುವವರು ಯಾರು? ಸ್ಕಾಟ್ಲೆಂಡಿನ ಮಹಾಸಭೆ ನಡೆಯುವ ಬಗೆ

ಪ್ರತಿ ವರ್ಷ ಮೇ ತಿಂಗಳಲ್ಲಿ ಎಡಿನ್‌ಬರೋದ ಮೌಂಡ್ ಎಂಬ ದಿಬ್ಬದ ಮೇಲಿರುವ ಅಸೆಂಬ್ಲಿ ಹಾಲ್‌ನಲ್ಲಿ ಚರ್ಚ್ ಆಫ್ ಸ್ಕಾಟ್ಲೆಂಡಿನ ಜನರಲ್ ಅಸೆಂಬ್ಲಿ, ಅಂದರೆ ಮಹಾಸಭೆ, ಸೇರುತ್ತದೆ. ಬ್ರಿಟನ್ನಿನ ದೊರೆಯ ಪರವಾಗಿ ಲಾರ್ಡ್ ಹೈ ಕಮಿಷನರ್ ಅಲ್ಲಿಗೆ ಬರುತ್ತಾರೆ. ಆ ದಿನಗಳಲ್ಲಿ ಅವರ ಬಿಡಾರ ಹೋಲಿರೂಡ್ ಅರಮನೆ. ದೊರೆಗೆ ಸಲ್ಲುವ ಮರ್ಯಾದೆ ಅವರಿಗೂ ಸಲ್ಲುತ್ತದೆ. ಆದರೆ ಹಾಲ್‌ನಲ್ಲಿ ಅವರು ಕೂರುವುದು ಮೇಲಿನ ಒಂದು ಗ್ಯಾಲರಿಯಲ್ಲಿ, ಮತ್ತು ನಿಯಮದ ಲೆಕ್ಕದಲ್ಲಿ ಆ ಗ್ಯಾಲರಿ ಸಭೆಯ ಹೊರಗಿನ ಜಾಗ. ಅಲ್ಲಿಂದ ಅವರು ಸಭೆಯನ್ನುದ್ದೇಶಿಸಿ ನಾಲ್ಕು ಮಾತಾಡಬಹುದು. ಚರ್ಚೆಯಲ್ಲಿ ಬಾಯಿ ಹಾಕುವಂತಿಲ್ಲ, ಮತ ಹಾಕುವಂತಿಲ್ಲ, ಕೆಳಗಿಳಿದು ಸದಸ್ಯರ ನಡುವೆ ಕೂರುವಂತಿಲ್ಲ.

ಇದೇ ದೊರೆ ಇಂಗ್ಲೆಂಡಿನ ಚರ್ಚಿಗೆ 'ಸುಪ್ರೀಂ ಗವರ್ನರ್'. ಗಡಿ ದಾಟಿ ಸ್ಕಾಟ್ಲೆಂಡಿಗೆ ಬಂದರೆ ಅಲ್ಲಿನ ಚರ್ಚಿನಲ್ಲಿ ಅವರಿಗೆ ಯಾವ ಅಧಿಕಾರವೂ ಇಲ್ಲ. ಪಟ್ಟಕ್ಕೆ ಬಂದ ಕೂಡಲೇ ಈ ಚರ್ಚಿನ ಆಡಳಿತ ಪದ್ಧತಿಯನ್ನು ಕಾಪಾಡುತ್ತೇನೆಂದು ಪ್ರಮಾಣ ಮಾಡಬೇಕು. ಮೂರನೆಯ ಚಾರ್ಲ್ಸ್ 2022ರ ಸೆಪ್ಟೆಂಬರ್ 10ರಂದು ಹಾಗೆ ಪ್ರಮಾಣ ಮಾಡಿ ಸಹಿ ಹಾಕಿದರು. ಕಾಪಾಡುವ ಹೊಣೆ ಉಂಟು, ಆಳುವ ಹಕ್ಕಿಲ್ಲ. ಹಾಗಾದರೆ ಆಳುವವರು ಯಾರು? ಬಿಷಪ್ಪರಿಲ್ಲ, ಆರ್ಚ್‌ಬಿಷಪ್ಪರಿಲ್ಲ, ಪೋಪರ ಮಾತಂತೂ ಬೇಡ. ಉತ್ತರ ಕೊಂಚ ವಿಚಿತ್ರ: ಒಂದು ಮೀಟಿಂಗ್. ವರ್ಷಕ್ಕೊಮ್ಮೆ ಸೇರಿ, ಸುಮಾರು ಒಂದು ವಾರ ವಾದ ಮಾಡಿ, ಆಮೇಲೆ ಚದುರಿಹೋಗುವ ಮೀಟಿಂಗ್. ಮರುವರ್ಷ ಸೇರುವವರು ಬಹುಪಾಲು ಬೇರೆಯದೇ ಜನ.

ಇಂಥ ಮೀಟಿಂಗಿಗೆ ಎಷ್ಟು ಅಧಿಕಾರವಿದೆ ಎಂದು ಕೇಳುವುದು ಸಹಜ. ಬೇಕಾದಷ್ಟಿದೆ. ಆದರೆ ಅದು ತನ್ನ ಕೈಯನ್ನು ತಾನೇ ಹೇಗೆ ಕಟ್ಟಿಕೊಂಡಿದೆ ಎಂಬುದೇ ನನಗೆ ಹೆಚ್ಚು ಕುತೂಹಲದ ಸಂಗತಿ.

ಮೂರು ಮೆಟ್ಟಿಲು

ಸ್ಕಾಟ್ಲೆಂಡಿನ ಈ ಚರ್ಚಿನಂಥ ಪ್ರೆಸ್ಬಿಟೇರಿಯನ್ ಚರ್ಚುಗಳಲ್ಲಿ ಅಧಿಕಾರ ಇರುವುದು ಒಂದರ ಮೇಲೊಂದು ಕೂತ ಸಭೆಗಳ ಕೈಯಲ್ಲಿ. ಬುಡದಲ್ಲಿ ಊರಿನ ಚರ್ಚಿನ ಕರ್ಕ್ ಸೆಷನ್: ಅಲ್ಲಿನ ಸಭಾಪಾಲಕರು (ಅಂದರೆ ಪಾದ್ರಿಗಳು) ಮತ್ತು ಹಿರಿಯರು ಸೇರಿದ ಕೂಟ. ಹಿರಿಯರು ಎಂದರೆ ವಯಸ್ಸಾದವರು ಎಂದಲ್ಲ. ಶಾಲೆಯಲ್ಲಿ ಪಾಠ ಹೇಳುವವರು, ಹೊಲ ನೋಡಿಕೊಳ್ಳುವವರು, ಬ್ಯಾಂಕಿನಲ್ಲಿ ಕೆಲಸ ಮಾಡುವವರು ಸಂಬಳವಿಲ್ಲದೆ, ಆದರೆ ವಿಧಿಪೂರ್ವಕ ದೀಕ್ಷೆ ಪಡೆದು, ಈ ಹೊಣೆ ಹೊತ್ತಿರುತ್ತಾರೆ. ಅದರ ಮೇಲೆ ಪ್ರೆಸ್ಬಿಟರಿ: ಒಂದು ಪ್ರದೇಶದ ಸಭಾಪಾಲಕರು, ಜೊತೆಗೆ ಅಲ್ಲಿನ ಚರ್ಚುಗಳಿಂದ ಬಂದ ಹಿರಿಯರು. ಸಭಾಪಾಲಕರಿಗೆ ದೀಕ್ಷೆ ಕೊಡುವುದು, ಅವರನ್ನು ಚರ್ಚಿನಲ್ಲಿ ನೆಲೆಗೊಳಿಸುವುದು, ತಪ್ಪು ಮಾಡಿದರೆ ವಿಚಾರಿಸುವುದು, ಹೀಗೆ ಬೇರೆ ಪಂಗಡಗಳಲ್ಲಿ ಬಿಷಪ್ ಒಬ್ಬರೇ ಮಾಡುವ ಕೆಲಸವನ್ನು ಇಲ್ಲಿ ಪ್ರೆಸ್ಬಿಟರಿ ಒಟ್ಟಾಗಿ ಮಾಡುತ್ತದೆ. ತುದಿಯಲ್ಲಿ ಮಹಾಸಭೆ. ಹಿಂದೆ ಇವೆರಡರ ನಡುವೆ ಸಿನಾಡ್ ಎಂಬ ಇನ್ನೊಂದು ಮೆಟ್ಟಿಲಿತ್ತು. 1990ರ ದಶಕದಲ್ಲಿ ಅದನ್ನು ತೆಗೆದರು.

ಈ ಸಭೆಗಳಿಗೆಲ್ಲ ಅಲ್ಲಿ ಕೋರ್ಟ್ ಎಂದೇ ಹೆಸರು. ಕೆಳಗಿನ ಸಭೆಯ ತೀರ್ಮಾನ ಸರಿಯಿಲ್ಲ ಎನಿಸಿದವರು ಮೇಲಿನದಕ್ಕೆ ಹೋಗಬಹುದು. ಮಹಾಸಭೆ ಕಾನೂನು ಮಾಡುವ ಶಾಸನಸಭೆಯೂ ಹೌದು, ಕೊನೆಯ ನ್ಯಾಯಾಲಯವೂ ಹೌದು. ಶಿಸ್ತಿನ ಪ್ರಕರಣಗಳನ್ನು ನೂರಾರು ಜನರ ಮುಂದೆ ಬಿಚ್ಚಿಡುವುದು ಯಾರಿಗೂ ನ್ಯಾಯವಲ್ಲವಾದ್ದರಿಂದ ಈಗ ಅವು ಒಂದು ಚಿಕ್ಕ ನ್ಯಾಯಿಕ ಆಯೋಗಕ್ಕೆ ಹೋಗುತ್ತವೆ.

ದೊರೆಯ ತೋಳು ಹಿಡಿದ ಮೆಲ್ವಿಲ್

1560ರ ಆಗಸ್ಟ್‌ನಲ್ಲಿ ಸ್ಕಾಟ್ಲೆಂಡಿನ ಪಾರ್ಲಿಮೆಂಟು ಪೋಪರ ಅಧಿಕಾರವನ್ನು ರದ್ದು ಮಾಡಿತು. ಅದೇ ಡಿಸೆಂಬರ್‌ನಲ್ಲಿ ಎಡಿನ್‌ಬರೋದಲ್ಲಿ ಮೊದಲ ಮಹಾಸಭೆ ಸೇರಿತು. ಬಂದವರು ಸುಮಾರು 40 ಜನ. ಅವರಲ್ಲಿ ಸಭಾಪಾಲಕರು ಬೆರಳೆಣಿಕೆಯಷ್ಟು. ಉಳಿದವರು ಜಮೀನ್ದಾರರು, ಪಟ್ಟಣಗಳ ಪ್ರತಿನಿಧಿಗಳು. ಸಭಾಪಾಲಕರಲ್ಲದವರಿಗೂ ಚರ್ಚಿನ ಆಡಳಿತದಲ್ಲಿ ಸಮಪಾಲು ಎಂಬ ಮಾತು ಹೀಗೆ ಮೊದಲ ದಿನದಿಂದಲೇ ಬಂತು.

ಆ ಹೊತ್ತಿಗೆ ಸುಧಾರಣೆಯ ಮುಂದಾಳು ಜಾನ್ ನಾಕ್ಸ್ ದೊಡ್ಡ ಹೆಸರು. ಆದರೆ ಈ ಆಡಳಿತ ಪದ್ಧತಿಗೆ ಬೆನ್ನೆಲುಬು ಕೊಟ್ಟವರು ಮುಂದಿನ ತಲೆಮಾರಿನ ಆಂಡ್ರ್ಯೂ ಮೆಲ್ವಿಲ್. 1578ರಲ್ಲಿ ಮಹಾಸಭೆ ಒಪ್ಪಿದ ಶಿಸ್ತಿನ ಎರಡನೆಯ ಪುಸ್ತಕದ ಹಿಂದೆ ಅವರ ಕೈಯಿತ್ತು: ಸಭಾಪಾಲಕರೆಲ್ಲ ಸಮಾನರು, ಬಿಷಪ್ಪರು ಬೇಡ, ಚರ್ಚಿನ ಸಂಗತಿಯಲ್ಲಿ ಚರ್ಚಿನ ಸಭೆಗಳದ್ದೇ ಮಾತು. ಆರನೆಯ ಜೇಮ್ಸ್ ದೊರೆಗೆ ಇದು ಸಹಿಸದ ಮಾತು. ಬಿಷಪ್ಪರನ್ನು ತಾನೇ ನೇಮಿಸಬಹುದು. ನೇಮಿಸಿದವನ ಮಾತು ಅವರು ಕೇಳುತ್ತಾರೆ. ಮೀಟಿಂಗನ್ನು ನೇಮಿಸುವುದು ಹೇಗೆ? 1596ರಲ್ಲಿ ಫಾಕ್‌ಲ್ಯಾಂಡ್ ಅರಮನೆಯಲ್ಲಿ ಇಬ್ಬರೂ ಮುಖಾಮುಖಿಯಾದರು. ಮೆಲ್ವಿಲ್ ದೊರೆಯ ತೋಳನ್ನೇ ಹಿಡಿದು, ಸ್ಕಾಟ್ಲೆಂಡಿನಲ್ಲಿ ಇಬ್ಬರು ರಾಜರಿದ್ದಾರೆ, ಎರಡು ರಾಜ್ಯಗಳಿವೆ, ಕ್ರಿಸ್ತನ ರಾಜ್ಯವಾದ ಚರ್ಚಿನಲ್ಲಿ ನೀವು ದೊರೆಯೂ ಅಲ್ಲ, ಒಡೆಯರೂ ಅಲ್ಲ, ಬರೀ ಒಬ್ಬ ಸದಸ್ಯ ಎಂದು ಮುಖದ ಮೇಲೆ ಹೇಳಿದರು. ಜೇಮ್ಸ್ ಅದನ್ನು ಮರೆಯಲಿಲ್ಲ. ಇಂಗ್ಲೆಂಡಿನ ಪಟ್ಟವೂ ಸಿಕ್ಕ ಮೇಲೆ, 1604ರಲ್ಲಿ, ಬಿಷಪ್ ಇಲ್ಲದಿದ್ದರೆ ದೊರೆಯೂ ಇಲ್ಲ ಎಂದು ಗುಡುಗಿದರು. ಮೆಲ್ವಿಲ್ ಲಂಡನ್ ಟವರಿನ ಸೆರೆ ಕಂಡು, ಕೊನೆಗೆ ಫ್ರಾನ್ಸಿನ ಕಡೆ ಹೋಗಿ ಅಲ್ಲೇ ತೀರಿಕೊಂಡರು.

1618ರಿಂದ 1638ರವರೆಗೆ ದೊರೆಗಳು ಮಹಾಸಭೆಯನ್ನು ಸೇರಲೇ ಬಿಡಲಿಲ್ಲ. 1638ರ ನವೆಂಬರ್‌ನಲ್ಲಿ ಗ್ಲಾಸ್ಗೋ ಕೆಥೆಡ್ರಲ್‌ನಲ್ಲಿ ಕೊನೆಗೂ ಸೇರಿದಾಗ ದೊರೆಯ ಪ್ರತಿನಿಧಿಯಾಗಿ ಬಂದಿದ್ದವರು ಹ್ಯಾಮಿಲ್ಟನ್. ಸಭೆ ಬಿಷಪ್ಪರ ವಿಚಾರಣೆಗೆ ಕೈ ಹಾಕುತ್ತಿದ್ದಂತೆ ಅವರು ಸಭೆಯನ್ನು ವಿಸರ್ಜಿಸಿದ್ದೇನೆ ಎಂದು ಘೋಷಿಸಿ ಎದ್ದು ಹೋದರು. ಕೂತಿದ್ದವರು ಏಳಲಿಲ್ಲ. ಅಲೆಕ್ಸಾಂಡರ್ ಹೆಂಡರ್ಸನ್ ಅವರ ಅಧ್ಯಕ್ಷತೆಯಲ್ಲಿ ಕಲಾಪ ಮುಂದುವರಿಸಿ ಬಿಷಪ್ ಹುದ್ದೆಯನ್ನೇ ತೆಗೆದುಹಾಕಿದರು. 1653ರಲ್ಲಿ, ದೊರೆಯನ್ನು ಕೆಳಗಿಳಿಸಿ ಅಧಿಕಾರ ಹಿಡಿದಿದ್ದ ಕ್ರಾಮ್‌ವೆಲ್‌ನ ಸೈನಿಕರು ಬಂದು ಸಭೆಯನ್ನು ಚದುರಿಸಿದರು. ಮತ್ತೆ ಸೇರಲು 1690ರವರೆಗೆ ಕಾಯಬೇಕಾಯಿತು. 1692ರಲ್ಲಿ ಇನ್ನೊಂದು ಜಟಾಪಟಿ: ದೊರೆಯ ಕಮಿಷನರ್ ಮುಂದಿನ ಸಭೆಯ ದಿನ ಹೇಳದೆಯೇ ಸಭೆ ಮುಗಿಸಿದಾಗ, ಅಧ್ಯಕ್ಷರು ಎದ್ದು ತಾವೇ ಒಂದು ದಿನ ಹೇಳಿಬಿಟ್ಟರು. ಮುಂದಿನ ಮೀಟಿಂಗಿನ ತಾರೀಖು ಯಾರು ಹೇಳಬೇಕು ಎಂಬುದು ನಮಗೆ ಕ್ಷುಲ್ಲಕವಾಗಿ ಕಂಡೀತು. ಆದರೆ ಸೇರುವುದೇ ಅಧಿಕಾರವಾಗಿರುವ ಕಡೆ, ಸೇರುವ ದಿನವನ್ನು ಹೇಳುವವನೇ ಯಜಮಾನ.

ಒಂದೇ ವರ್ಷದ ಮಾಡರೇಟರ್

ಮಹಾಸಭೆಯ ಅಧ್ಯಕ್ಷರಿಗೆ ಮಾಡರೇಟರ್ ಎಂದು ಹೆಸರು. ಅವಧಿ ಒಂದೇ ವರ್ಷ. ಪತ್ರಿಕೆಗಳು ಅವರನ್ನು ಸ್ಕಾಟ್ಲೆಂಡಿನ ಚರ್ಚಿನ ಮುಖ್ಯಸ್ಥರು ಎಂದು ಬರೆದುಬಿಡುವುದುಂಟು, ಅದು ತಪ್ಪು. ಅವರು ಸಭೆ ನಡೆಸುತ್ತಾರೆ, ಉಳಿದ ತಿಂಗಳು ದೇಶ ಸುತ್ತುತ್ತಾರೆ, ಚರ್ಚುಗಳಿಗೆ ಭೇಟಿ ಕೊಡುತ್ತಾರೆ. ಒಬ್ಬ ಸಭಾಪಾಲಕರನ್ನೂ ವರ್ಗ ಮಾಡುವ ಅಧಿಕಾರ ಅವರಿಗಿಲ್ಲ. ಸಿದ್ಧಾಂತದ ಪ್ರಶ್ನೆಗೆ ಅವರು ಕೊಡುವ ಉತ್ತರ ಚರ್ಚಿನ ಉತ್ತರವಲ್ಲ. 2004ರಲ್ಲಿ ಆಲಿಸನ್ ಎಲಿಯಟ್ ಈ ಸ್ಥಾನಕ್ಕೆ ಬಂದ ಮೊದಲ ಮಹಿಳೆಯಾದರು. ಆಕೆ ಸಭಾಪಾಲಕಿಯಲ್ಲ, ಹಿರಿಯರು. ಹಾಗೆ ದೀಕ್ಷಿತ ಸಭಾಪಾಲಕರಲ್ಲದವರು ಆ ಕುರ್ಚಿಯಲ್ಲಿ ಕೂತದ್ದು 1567ರ ಜಾರ್ಜ್ ಬುಕಾನನ್ ಅವರ ನಂತರ ಅದೇ ಮೊದಲು.

ಕೆಳಗೆ ಕೂತ ಸದಸ್ಯರಿಗೆ ಕಮಿಷನರ್ ಎನ್ನುತ್ತಾರೆ (ಗ್ಯಾಲರಿಯ ಲಾರ್ಡ್ ಹೈ ಕಮಿಷನರ್ ಬೇರೆ). ಅವರನ್ನು ಆರಿಸಿ ಕಳಿಸುವುದು ಪ್ರೆಸ್ಬಿಟರಿ. ಬಹುಕಾಲದ ರೂಢಿಯಂತೆ ಸಭಾಪಾಲಕರಲ್ಲಿ ಸುಮಾರು ಕಾಲುಭಾಗ ಜನ ಪ್ರತಿ ವರ್ಷ ಸರದಿಯ ಮೇಲೆ ಹೋಗುತ್ತಿದ್ದರು, ಅವರಷ್ಟೇ ಸಂಖ್ಯೆಯ ಹಿರಿಯರೂ ಹೋಗುತ್ತಿದ್ದರು. ಇಲ್ಲಿ ಒಂದು ಸೂಕ್ಷ್ಮವಿದೆ. ಆರಿಸಿ ಕಳಿಸಿದ ಪ್ರೆಸ್ಬಿಟರಿ, ಹೀಗೇ ಮತ ಹಾಕಿ ಎಂದು ಕಟ್ಟಪ್ಪಣೆ ಮಾಡುವಂತಿಲ್ಲ. ಕಮಿಷನರ್ ಅಲ್ಲಿ ಕೂತು ವಾದ ಕೇಳಿ, ಮನಸ್ಸಾಕ್ಷಿ ಹೇಳಿದಂತೆ ಮತ ಹಾಕಬೇಕು. ಪಕ್ಷವಿಲ್ಲ, ವಿಪ್ ಇಲ್ಲ. ಹಾಗಾಗಿ ಒಂದು ಒಳ್ಳೆಯ ಭಾಷಣ ಇಡೀ ಹಾಲ್‌ನ ಮನಸ್ಸನ್ನು ತಿರುಗಿಸುವುದು ಇಲ್ಲಿ ನಿಜಕ್ಕೂ ಸಾಧ್ಯ. ಇದು ಈ ಪದ್ಧತಿಯ ಸೊಗಸು. ಅಪಾಯವೂ ಇದೇ, ಅದಕ್ಕೆ ಆಮೇಲೆ ಬರುತ್ತೇನೆ.

ಚರ್ಚೆ ನಡೆಯುವ ಕ್ರಮ ಹೀಗೆ. ಸಮಿತಿಗಳ ವರದಿಗಳೆಲ್ಲ ಒಂದು ದಪ್ಪ ಸಂಪುಟವಾಗಿ ಮೊದಲೇ ಕಮಿಷನರುಗಳ ಕೈ ಸೇರುತ್ತವೆ; ಅದಕ್ಕೆ ಬ್ಲೂ ಬುಕ್ ಎಂದು ಹೆಸರು. ಪ್ರತಿ ವರದಿಯ ಜೊತೆ ಡೆಲಿವರೆನ್ಸ್ ಎಂಬ ಕರಡು ನಿರ್ಣಯ ಇರುತ್ತದೆ, ಅಂಕೆ ಹಾಕಿದ ಪುಟ್ಟ ಪುಟ್ಟ ವಾಕ್ಯಗಳಲ್ಲಿ. ಮೊದಲನೆಯದು ಸಾಮಾನ್ಯವಾಗಿ ವರದಿಯನ್ನು ಸ್ವೀಕರಿಸಲಾಗಿದೆ ಎಂದಷ್ಟೇ ಹೇಳುತ್ತದೆ. ಸ್ವೀಕರಿಸಿದರು ಎಂದರೆ ಒಪ್ಪಿದರು ಎಂದರ್ಥವಲ್ಲ. ನೂರು ಪುಟದ ವರದಿಯಲ್ಲಿ ಏನೇ ಬರೆದಿರಲಿ, ಚರ್ಚಿಗೆ ಅನ್ವಯವಾಗುವುದು ಆ ಪುಟ್ಟ ವಾಕ್ಯಗಳು ಮಾತ್ರ. ಸೂಚಿಸುತ್ತದೆ ಎಂದಿದ್ದರೆ ಅದು ಆಜ್ಞೆ. ಪ್ರೋತ್ಸಾಹಿಸುತ್ತದೆ ಎಂದಿದ್ದರೆ ಮಾಡಿದರೂ ಆಯಿತು, ಬಿಟ್ಟರೂ ಆಯಿತು. ಹಾಗಾಗಿ ಅನುಭವಿಗಳು ಜಗಳಾಡುವುದು ಕ್ರಿಯಾಪದಗಳ ಮೇಲೆ. ಸಮಿತಿಯ ಸಂಚಾಲಕರು ನಿರ್ಣಯ ಮಂಡಿಸುತ್ತಾರೆ, ಪ್ರಶ್ನೋತ್ತರ ನಡೆಯುತ್ತದೆ, ಆಮೇಲೆ ಯಾರು ಬೇಕಾದರೂ ಎದ್ದು ಪ್ರತಿನಿರ್ಣಯ ತರಬಹುದು. ಮಾತಾಡುವವರೆಲ್ಲ ಮಾಡರೇಟರನ್ನು ಉದ್ದೇಶಿಸಿಯೇ ಮಾತಾಡಬೇಕು. ಸೋತವರು ತಮ್ಮ ಅಸಮ್ಮತಿಯನ್ನು ಹೆಸರು ಹೇಳಿ ದಾಖಲಿಸಬಹುದು.

ಹಾಲ್‌ನೊಳಗೆ ಸದಸ್ಯರಲ್ಲದವರ ದನಿಗೂ ಒಂದು ದಾರಿಯಿದೆ, ಅರ್ಜಿಯ ದಾರಿ. 1963ರಲ್ಲಿ ಮೇರಿ ಲಸ್ಕ್ ಎಂಬ ಡೀಕನೆಸ್ (ಚರ್ಚಿನ ಸೇವಾಕಾರ್ಯಕ್ಕೆ ನಿಯುಕ್ತರಾದ ಮಹಿಳೆ) ಮಹಾಸಭೆಯ ಮುಂದೆ ನಿಂತು, ದೇವರು ನನ್ನನ್ನು ಸಭಾಪಾಲನೆಗೆ ಕರೆದಿದ್ದಾನೆ, ಆ ಕರೆಯನ್ನು ಪರಿಶೀಲಿಸಿ ದೀಕ್ಷೆ ಕೊಡಿ ಎಂದು ಕೇಳಿಕೊಂಡರು. ಹೆಂಗಸರಿಗೆ ಆಗ ಹಿರಿಯರಾಗುವ ಅವಕಾಶವೂ ಇರಲಿಲ್ಲ. 1966ರಲ್ಲಿ ಅದು ಸಿಕ್ಕಿತು, 1968ರಲ್ಲಿ ಸಭಾಪಾಲಕರ ದೀಕ್ಷೆಯೂ. ಒಬ್ಬಾಕೆಯ ಅರ್ಜಿಯಿಂದ ಕಾನೂನಿನವರೆಗೆ ಐದು ವರ್ಷ. ಈ ಚರ್ಚಿನ ಮಟ್ಟಿಗೆ ಅದು ಬಿರುಸಿನ ಓಟವೇ.

1697ರ ತಡೆಗೋಡೆ

ಇನ್ನು ಆ ಅಪಾಯದ ವಿಷಯ. ಒಂದು ವಾರದ ಉತ್ಸಾಹದಲ್ಲಿ, ಒಬ್ಬ ಒಳ್ಳೆಯ ಮಾತುಗಾರನ ಪ್ರಭಾವದಲ್ಲಿ, ಮಹಾಸಭೆ ಚರ್ಚಿನ ಸಿದ್ಧಾಂತವನ್ನೇ ಬದಲಿಸಿಬಿಟ್ಟರೆ? ಈ ಹೆದರಿಕೆಗೆ 1697ರಲ್ಲಿ ಮಹಾಸಭೆ ತಾನೇ ಒಂದು ಮದ್ದು ಮಾಡಿಕೊಂಡಿತು. ಅದರ ಹೆಸರು ಬ್ಯಾರಿಯರ್ ಆ್ಯಕ್ಟ್, ಅಂದರೆ ತಡೆಗೋಡೆ ಕಾಯ್ದೆ. ಸಿದ್ಧಾಂತ, ಆರಾಧನೆ, ಶಿಸ್ತು, ಆಡಳಿತ ಇವುಗಳಲ್ಲಿ ಯಾವುದನ್ನೇ ಮೂಲಭೂತವಾಗಿ ಬದಲಿಸಬೇಕಾದರೂ ಮಹಾಸಭೆಯ ಬಹುಮತ ಸಾಲದು. ಪ್ರಸ್ತಾವವನ್ನು ಎಲ್ಲ ಪ್ರೆಸ್ಬಿಟರಿಗಳಿಗೆ ಕಳಿಸಬೇಕು. ಅವು ಒಂದೊಂದೂ ಕೂತು ಚರ್ಚಿಸಿ ಮತ ಹಾಕಬೇಕು. ಬಹುಪಾಲು ಪ್ರೆಸ್ಬಿಟರಿಗಳು ಒಪ್ಪಿದರೆ ಮಾತ್ರ ಮರುವರ್ಷದ ಮಹಾಸಭೆ ಅದನ್ನು ಕಾನೂನು ಮಾಡಬಹುದು. ಮಾಡಲೇಬೇಕೆಂದೇನೂ ಇಲ್ಲ, ಆ ಹೊತ್ತಿಗೆ ಮನಸ್ಸು ಬದಲಾಗಿದ್ದರೆ ಕೈಬಿಡಬಹುದು. ಮರುವರ್ಷ ಹಾಲ್‌ನಲ್ಲಿ ಕೂತಿರುವುದು ಬೇರೆ ಜನ ಎಂಬುದನ್ನು ನೆನಪಿಡಿ. ಅಂದರೆ ಒಂದು ಬದಲಾವಣೆಗೆ ಒಂದು ಮಹಾಸಭೆ, ದೇಶದ ಎಲ್ಲ ಪ್ರೆಸ್ಬಿಟರಿಗಳು, ಮತ್ತೊಂದು ಮಹಾಸಭೆ, ಹೀಗೆ ಮೂರು ಜರಡಿ.

ಇದು ಕಾಗದದ ಮೇಲಿನ ಹಳೆಯ ನಿಯಮವಾಗಿ ಉಳಿದಿಲ್ಲ. ಸಲಿಂಗ ಸಂಬಂಧದ ಪ್ರಶ್ನೆಯನ್ನು ನೋಡಿ. 2009ರಲ್ಲಿ ಅಬರ್ಡೀನ್‌ನ ಒಂದು ಚರ್ಚು ಸಲಿಂಗ ಸಂಗಾತಿಯಿರುವ ಸಭಾಪಾಲಕರೊಬ್ಬರನ್ನು ಆರಿಸಿಕೊಂಡಿತು, ಪ್ರೆಸ್ಬಿಟರಿ ಒಪ್ಪಿತು. ವಿರೋಧಿಸಿದವರು ದೂರನ್ನು ಮಹಾಸಭೆಗೆ ತಂದರು. 326ಕ್ಕೆ 267 ಮತಗಳಿಂದ ಮಹಾಸಭೆ ಪ್ರೆಸ್ಬಿಟರಿಯ ನಿರ್ಧಾರವನ್ನು ಎತ್ತಿಹಿಡಿಯಿತು. ಅದು ಕೋರ್ಟಾಗಿ ಕೊಟ್ಟ ತೀರ್ಪು, ಒಂದು ಪ್ರಕರಣಕ್ಕೆ ಸೀಮಿತ. ಸಾಮಾನ್ಯ ನಿಯಮವಾಗಬೇಕಾದರೆ ತಡೆಗೋಡೆ ದಾಟಲೇಬೇಕು. 2013ರಲ್ಲಿ ಒಂದು ಮಧ್ಯದ ದಾರಿ ಹುಡುಕಿದರು: ಚರ್ಚಿನ ಸಾಂಪ್ರದಾಯಿಕ ನಿಲುವು ಹಾಗೇ ಇರಲಿ, ಬೇರೆ ದಾರಿ ಹಿಡಿಯಬಯಸುವ ಸ್ಥಳೀಯ ಚರ್ಚುಗಳಿಗೆ ಅವಕಾಶವಿರಲಿ. ಅದು ಪ್ರೆಸ್ಬಿಟರಿಗಳಿಗೆ ಹೋಗಿ ಬಂದು ಕಾನೂನಾದದ್ದು 2015ರಲ್ಲಿ. ಚರ್ಚಿನಲ್ಲೇ ಸಲಿಂಗ ವಿವಾಹ ನೆರವೇರಿಸುವ ಪ್ರಸ್ತಾವ 2021ರಲ್ಲಿ ಪ್ರೆಸ್ಬಿಟರಿಗಳಿಗೆ ಹೋಯಿತು. 29 ಒಪ್ಪಿದವು, 12 ಒಪ್ಪಲಿಲ್ಲ. 2022ರ ಮೇ ತಿಂಗಳಲ್ಲಿ ಮಹಾಸಭೆ 274ಕ್ಕೆ 136 ಮತಗಳಿಂದ ಅಂಗೀಕರಿಸಿತು. ಬಯಸುವ ಸಭಾಪಾಲಕರು ಅನುಮತಿ ಪಡೆದು ನೆರವೇರಿಸಬಹುದು, ಬೇಡವೆನ್ನುವವರಿಗೆ ಒತ್ತಾಯವಿಲ್ಲ.

ಮೊದಲ ದೂರಿನಿಂದ ಅಲ್ಲಿಗೆ 13 ವರ್ಷ. ಒಂದು ಕಡೆಯವರಿಗೆ ಇದು ಹಿಂಸೆ, ಇನ್ನೊಂದು ಕಡೆಯವರಿಗೆ ಅವಸರ. ಬಿಟ್ಟುಹೋದವರೂ ಇದ್ದಾರೆ. ಆದರೂ ಬಿಟ್ಟು ಹೋದವರಲ್ಲಿ ಯಾರೂ, ನಮ್ಮ ಊರಿನ ಪ್ರೆಸ್ಬಿಟರಿಯನ್ನು ಕೇಳದೆ ಮೇಲಿನವರು ಮಾಡಿಬಿಟ್ಟರು ಎನ್ನುವಂತಿರಲಿಲ್ಲ. ನನ್ನ ದೃಷ್ಟಿಯಲ್ಲಿ ಆ ನಿಧಾನದ ಸಂಪಾದನೆ ಅದೇ.

ಎದ್ದು ನಡೆದ 1843

ಮಹಾಸಭೆ ತನ್ನ ಕೈ ಕಟ್ಟಿಕೊಳ್ಳುವುದು ಸರಿ. ಸರ್ಕಾರ ಬಂದು ಕಟ್ಟಿದರೆ? ಈ ಪ್ರಶ್ನೆಯೇ ಚರ್ಚನ್ನು ಒಡೆಯಿತು.

1712ರಲ್ಲಿ ಬ್ರಿಟಿಷ್ ಪಾರ್ಲಿಮೆಂಟು, ಊರಿನ ಚರ್ಚಿಗೆ ಸಭಾಪಾಲಕರನ್ನು ಸೂಚಿಸುವ ಹಕ್ಕನ್ನು ಸ್ಥಳೀಯ ಭೂಮಾಲೀಕರಿಗೆ ಮರಳಿ ಕೊಟ್ಟಿತ್ತು. ಜನರ ಅಸಮಾಧಾನ ಶತಮಾನದುದ್ದಕ್ಕೂ ಹೊಗೆಯಾಡಿತು. 1834ರಲ್ಲಿ ಮಹಾಸಭೆ ಒಂದು ವೀಟೋ ಕಾಯ್ದೆ ಮಾಡಿತು: ಕುಟುಂಬದ ಯಜಮಾನರಲ್ಲಿ ಹೆಚ್ಚಿನವರು ಬೇಡವೆಂದರೆ ಆ ಅಭ್ಯರ್ಥಿಯನ್ನು ಪ್ರೆಸ್ಬಿಟರಿ ತಿರಸ್ಕರಿಸಬೇಕು. ಅದೇ ವರ್ಷ ಪರ್ತ್‌ಶೈರಿನ ಆಕ್ಟರಾರ್ಡರ್ ಎಂಬಲ್ಲಿ ಪರೀಕ್ಷೆ ಎದುರಾಯಿತು. ಭೂಮಾಲೀಕರು ಸೂಚಿಸಿದ ವ್ಯಕ್ತಿಯನ್ನು ಸುಮಾರು 330 ಯಜಮಾನರಲ್ಲಿ 280ಕ್ಕೂ ಹೆಚ್ಚು ಜನ ಬೇಡವೆಂದರು. ಪ್ರೆಸ್ಬಿಟರಿ ತಿರಸ್ಕರಿಸಿತು. ತಿರಸ್ಕೃತರು ಸರ್ಕಾರಿ ನ್ಯಾಯಾಲಯಕ್ಕೆ ಹೋಗಿ 1838ರಲ್ಲಿ ಗೆದ್ದರು, 1839ರಲ್ಲಿ, ಆಗ ಬ್ರಿಟನ್ನಿನ ಅತ್ಯುನ್ನತ ನ್ಯಾಯಾಲಯವೂ ಆಗಿದ್ದ ಹೌಸ್ ಆಫ್ ಲಾರ್ಡ್ಸ್ ಆ ತೀರ್ಪನ್ನು ಖಾಯಂ ಮಾಡಿತು. ಅದರ ಸಾರ ಇಷ್ಟು: ಮಹಾಸಭೆಯ ಅಧಿಕಾರ ಪಾರ್ಲಿಮೆಂಟಿನ ಕಾನೂನಿನಿಂದ ಬಂದದ್ದು, ಅದನ್ನು ಮೀರುವಂತಿಲ್ಲ. ಮೆಲ್ವಿಲ್ ಅವರ ಎರಡು ರಾಜ್ಯಗಳ ಮಾತಿಗೆ ಇದು ನೇರ ಪೆಟ್ಟು.

1843ರ ಮೇ 18. ಜಾರ್ಜ್ ಸ್ಟ್ರೀಟಿನ ಸೇಂಟ್ ಆಂಡ್ರ್ಯೂ ಚರ್ಚಿನಲ್ಲಿ ಮಹಾಸಭೆ ಸೇರಿತ್ತು. ನಿರ್ಗಮಿಸುವ ಮಾಡರೇಟರ್ ಡೇವಿಡ್ ವೆಲ್ಷ್ ಪ್ರಾರ್ಥನೆ ಮುಗಿಸಿ, ಹೊಸ ಸಭೆಯನ್ನು ರಚಿಸುವ ಬದಲು ಒಂದು ಪ್ರತಿಭಟನಾ ಪತ್ರ ಓದಿದರು, ಅದನ್ನು ಮೇಜಿನ ಮೇಲಿಟ್ಟರು, ದೊರೆಯ ಪ್ರತಿನಿಧಿಗೆ ತಲೆಬಾಗಿ ಹೊರಟರು. ಥಾಮಸ್ ಚಾಮರ್ಸ್ ಅವರ ಹಿಂದೆ. ಅವರ ಹಿಂದೆ ಸಾಲುಸಾಲಾಗಿ ಉಳಿದವರು. ಬೀದಿಯಲ್ಲಿ ನೆರೆದ ಜನರ ನಡುವೆ ಇಳಿಜಾರಿನಲ್ಲಿ ನಡೆದು ಕ್ಯಾನನ್‌ಮಿಲ್ಸ್‌ನ ಟ್ಯಾನ್‌ಫೀಲ್ಡ್ ಹಾಲ್ ಸೇರಿ, ಚಾಮರ್ಸ್ ಅವರನ್ನು ಮಾಡರೇಟರ್ ಮಾಡಿ ಫ್ರೀ ಚರ್ಚ್ ಎಂಬ ತಮ್ಮ ಹೊಸ ಚರ್ಚಿನ ಮೊದಲ ಮಹಾಸಭೆ ನಡೆಸಿದರು. ಸುಮಾರು 1200 ಸಭಾಪಾಲಕರಲ್ಲಿ 474 ಜನ ಸಂಬಳ, ಮನೆ, ಚರ್ಚು ಬಿಟ್ಟು ಹೊರಬಂದರು. ಅದರ ಅಲೆ ಭಾರತದವರೆಗೂ ಬಂತು: ಕಲ್ಕತ್ತೆಯಲ್ಲಿದ್ದ ಮಿಷನರಿ ಅಲೆಕ್ಸಾಂಡರ್ ಡಫ್ ಫ್ರೀ ಚರ್ಚಿನ ಕಡೆ ನಿಂತು, ತಾವೇ ಕಟ್ಟಿ ಬೆಳೆಸಿದ ಕಾಲೇಜಿನ ಕಟ್ಟಡ ಬಿಟ್ಟು ಬೇರೆಡೆ ಹೊಸದಾಗಿ ಶುರುಮಾಡಬೇಕಾಯಿತು.

ಗಮನಿಸಬೇಕಾದ್ದು, ಬಿಟ್ಟುಹೋದವರು ಮೊದಲು ಮಾಡಿದ್ದೇ ಇನ್ನೊಂದು ಮಹಾಸಭೆ. ಈಗ ಎಲ್ಲರೂ ಸೇರುವ ಮೌಂಡ್ ಮೇಲಿನ ಹಾಲ್ ಕೂಡ ಆ ಬಂಡಾಯದವರೇ 1859ರ ಹೊತ್ತಿಗೆ ಕಟ್ಟಿಸಿಕೊಂಡದ್ದು.

ಭೂಮಾಲೀಕರ ಹಕ್ಕು 1874ರಲ್ಲಿ ರದ್ದಾಯಿತು. ಆದರೆ ಪಾಠ ಇನ್ನೂ ಬಾಕಿಯಿತ್ತು. 1900ರಲ್ಲಿ ಫ್ರೀ ಚರ್ಚು ಇನ್ನೊಂದು ಚರ್ಚಿನ ಜೊತೆ ವಿಲೀನವಾದಾಗ ಒಂದು ಸಣ್ಣ ಗುಂಪು ಒಪ್ಪದೆ ಕೋರ್ಟಿಗೆ ಹೋಯಿತು. 1904ರಲ್ಲಿ ಹೌಸ್ ಆಫ್ ಲಾರ್ಡ್ಸ್, ಮೂಲ ತತ್ವಕ್ಕೆ ಅಂಟಿಕೊಂಡವರು ಇವರೇ ಎಂದು ಇಡೀ ಚರ್ಚಿನ ಆಸ್ತಿಯನ್ನು ಆ ಸಣ್ಣ ಗುಂಪಿಗೆ ಕೊಟ್ಟಿತು. ಮರುವರ್ಷ ಪಾರ್ಲಿಮೆಂಟು ವಿಶೇಷ ಕಾನೂನು ತಂದು ಆಸ್ತಿ ಹಂಚಬೇಕಾಯಿತು. ಮತವಿಚಾರ ಬದಲಿಸಿಕೊಳ್ಳುವ ಹಕ್ಕು ತನಗಿದೆ ಎಂದು ಚರ್ಚು ಅಂದುಕೊಂಡರೆ ಸಾಲದು, ಸರ್ಕಾರಿ ನ್ಯಾಯಾಲಯವೂ ಅದನ್ನು ಒಪ್ಪಬೇಕು ಎಂದು ಆಗ ಎಲ್ಲರಿಗೂ ಮನದಟ್ಟಾಯಿತು.

ಅದರ ಫಲ 1921ರ ಚರ್ಚ್ ಆಫ್ ಸ್ಕಾಟ್ಲೆಂಡ್ ಕಾಯ್ದೆ. ಚರ್ಚು ತನ್ನ ಸಂವಿಧಾನವನ್ನು ತಾನೇ ಬರೆದು ತಂದಿತು. ಸಿದ್ಧಾಂತ, ಆರಾಧನೆ, ಆಡಳಿತ, ಶಿಸ್ತುಗಳಲ್ಲಿ ಕೊನೆಯ ಮಾತು ತನ್ನದು, ಆ ಹಕ್ಕು ಕ್ರಿಸ್ತನಿಂದ ಬಂದದ್ದು, ಯಾವ ಲೌಕಿಕ ಅಧಿಕಾರಕ್ಕೂ ಅಧೀನವಲ್ಲ ಎಂದು ಅದರಲ್ಲಿ ಹೇಳಿಕೊಂಡಿತ್ತು. ಪಾರ್ಲಿಮೆಂಟು ಆ ಹಕ್ಕನ್ನು ದಯಪಾಲಿಸಲಿಲ್ಲ, ಇದೆಯೆಂದು ಗುರುತಿಸಿತು. ಆ ನೆಲೆಯ ಮೇಲೆ 1929ರಲ್ಲಿ ಒಡೆದವರಲ್ಲಿ ಬಹುಪಾಲು ಜನ ಮತ್ತೆ ಒಂದಾದರು. ಈ ಸಂವಿಧಾನ ಬದಲಿಸಲು ತಡೆಗೋಡೆ ಇನ್ನೂ ಎತ್ತರ: ಸತತ ಎರಡು ವರ್ಷ ಮೂರನೇ ಎರಡರಷ್ಟು ಪ್ರೆಸ್ಬಿಟರಿಗಳು ಒಪ್ಪಬೇಕು.

ಆ ಸ್ವಾತಂತ್ರ್ಯಕ್ಕೆ ಅಂಚುಗಳಿಲ್ಲವೆಂದಲ್ಲ. 2005ರಲ್ಲಿ ಸಭಾಪಾಲಕಿಯೊಬ್ಬರ ಲಿಂಗತಾರತಮ್ಯದ ದೂರು ಬಂದಾಗ, ಅದು ಚರ್ಚಿನ ಆತ್ಮಿಕ ವಿಷಯ, ಹೊರಗಿನವರು ಕೇಳುವಂತಿಲ್ಲ ಎಂಬ ವಾದವನ್ನು ಹೌಸ್ ಆಫ್ ಲಾರ್ಡ್ಸ್ ಒಪ್ಪಲಿಲ್ಲ. ದುಡಿಯುವವರ ಹಕ್ಕು ಕಾರ್ಮಿಕ ನ್ಯಾಯಮಂಡಳಿಯ ಮುಂದೆ ಬರಬಹುದು ಎಂದಿತು. ಒಳ್ಳೆಯ ತೀರ್ಪು.

ಈಗಿನ ಇಕ್ಕಟ್ಟು

1950ರ ದಶಕದಲ್ಲಿ ಈ ಚರ್ಚಿನ ಸದಸ್ಯರು ಸುಮಾರು 13 ಲಕ್ಷ. ಇಂದು 3 ಲಕ್ಷವೂ ಇಲ್ಲ. 1988ರಲ್ಲಿ ಪ್ರಧಾನಿ ಮಾರ್ಗರೆಟ್ ಥ್ಯಾಚರ್ ಇದೇ ಹಾಲ್‌ಗೆ ಬಂದು ಹಣ, ದುಡಿಮೆ, ಬೈಬಲ್ ಕುರಿತು ಭಾಷಣ ಮಾಡಿದಾಗ ಮಾಡರೇಟರ್ ಜೇಮ್ಸ್ ವೈಟ್ ವಿನಯದಿಂದಲೇ ವಸತಿ ಮತ್ತು ಬಡತನದ ಬಗ್ಗೆ ಚರ್ಚು ಸಿದ್ಧಪಡಿಸಿದ ವರದಿಗಳನ್ನು ಆಕೆಯ ಕೈಗಿತ್ತರು. ದೇಶವೆಲ್ಲ ಅದನ್ನೇ ಮಾತಾಡಿತು. ಮಹಾಸಭೆಯ ಮಾತಿಗೆ ಈಗ ಅಷ್ಟು ಕಿವಿಗಳಿಲ್ಲ. ಖಾಲಿ ಕಟ್ಟಡಗಳನ್ನು ಮಾರುವುದು, ಸಭಾಪಾಲಕರ ಹುದ್ದೆ ಕಡಿಮೆ ಮಾಡುವುದು, ಇಂಥ ಕೆಲಸಕ್ಕೆ ವರ್ಷಕ್ಕೊಮ್ಮೆ ಸೇರುವ ಮೀಟಿಂಗ್ ಸಾಲದೆಂದು 2019ರಲ್ಲಿ ಅಸೆಂಬ್ಲಿ ಟ್ರಸ್ಟಿಗಳು ಎಂಬ ಸಣ್ಣ ಮಂಡಳಿಯನ್ನು ಮಾಡಿದರು. ವರ್ಷವಿಡೀ ಹಣಕಾಸು ಮತ್ತು ಯೋಜನೆ ನೋಡಿಕೊಳ್ಳುವುದು ಅವರ ಕೆಲಸ. ಅನಿವಾರ್ಯ ಇರಬಹುದು. ಆದರೆ ಅಧಿಕಾರ ಕೆಲವೇ ಜನರ ಕೈಗೆ ಜಾರದಿರಲೆಂದು ಇಷ್ಟೆಲ್ಲ ಹೋರಾಡಿದ ಚರ್ಚಿಗೆ ಇದು ಹೊಸ ಅಭ್ಯಾಸ.

ಇನ್ನೊಂದು ಬದಲಾವಣೆ ಅಷ್ಟಾಗಿ ಯಾರ ಕಣ್ಣಿಗೂ ಬಿದ್ದಂತಿಲ್ಲ. ನಲವತ್ತಕ್ಕೂ ಹೆಚ್ಚಿದ್ದ ಪ್ರೆಸ್ಬಿಟರಿಗಳನ್ನು ಒಂದರೊಳಗೊಂದು ಸೇರಿಸುತ್ತ ಡಜನ್ನಿನ ಆಸುಪಾಸಿಗೆ ಇಳಿಸುವ ಕೆಲಸ ಇತ್ತೀಚಿನ ವರ್ಷಗಳಲ್ಲಿ ನಡೆದಿದೆ. ಸಲಿಂಗ ವಿವಾಹದ ಪ್ರಸ್ತಾವಕ್ಕೆ 41 ಪ್ರೆಸ್ಬಿಟರಿಗಳು ಒಂದೊಂದಾಗಿ ಕೂತು ಮತ ಹಾಕಿದ್ದವು. ದ್ವೀಪದ ಪುಟ್ಟ ಪ್ರೆಸ್ಬಿಟರಿಯ ಮತವೂ ಗ್ಲಾಸ್ಗೋದ ಮತವೂ ಒಂದೇ ತೂಕ. ಹನ್ನೆರಡೇ ಉಳಿದು ಹಳೆಯ ಲೆಕ್ಕವೇ ನಡೆದರೆ, ತಡೆಗೋಡೆ ಕಾಯ್ದೆಯಡಿ ಚರ್ಚಿನ ನಿಯಮವೊಂದನ್ನು ಬದಲಿಸಲು ಏಳು ಪ್ರೆಸ್ಬಿಟರಿಗಳು ಒಪ್ಪಿದರೆ ಸಾಕು, ತಡೆಯಲು ಆರು ಒಪ್ಪದಿದ್ದರೆ ಸಾಕು.